ಟೆಂಡರ್ ತಕರಾರು ಮತ್ತು ಬೇಸಿಗೆಯ ಲೆಕ್ಕ

ನವಲಗುಂದ, ಅಣ್ಣಿಗೇರಿ ಸೀಮೆಯ ಎರಿ ಭೂಮಿಯಲ್ಲಿ ಬಿತ್ತನೆಗೆ ಇದ್ದಂತೆ ರಸ್ತೆ ಕಾಮಗಾರಿಗೂ ಒಂದು ಹಂಗಾಮು ಉಂಟು. ಮಳೆ ಹಿಡಿದರೆ ಆ ಮಣ್ಣು ಟಿಪ್ಪರಿನ ಗಾಲಿಯನ್ನು ಬಿಡುವುದಿಲ್ಲ. ಬೆಣ್ಣೆಹಳ್ಳ, ತುಪ್ಪರಿಹಳ್ಳ ಉಕ್ಕಿದರಂತೂ ಸೇತುವೆಯ ಮಾತೇ ಬೇಡ. ಅರೆಮಲೆನಾಡಿನ ಕಲಘಟಗಿಯಲ್ಲೂ ಮಳೆಗಾಲ ಕೆಲಸದ ಕಾಲವಲ್ಲ. ನೆಲ ಆರಿದಂದಿನಿಂದ ಮುಂಗಾರಿನವರೆಗಿನ ಕೆಲವು ತಿಂಗಳುಗಳಷ್ಟೇ ಗುತ್ತಿಗೆದಾರನಿಗೂ ಊರಿಗೂ ದಕ್ಕುವುದು. ಅಷ್ಟರಲ್ಲಿ ಟೆಂಡರು ಕೋರ್ಟಿನ ಮೆಟ್ಟಿಲೇರಿ ತಡೆಯಾಜ್ಞೆ ಬಿತ್ತೆಂದರೆ ರಸ್ತೆ ಮುಂದಿನ ವರ್ಷಕ್ಕೆ ಹೋಯಿತು.

ಹಾಗೆಂದು ತಕರಾರು ಎತ್ತುವವರೆಲ್ಲ ಕೆಲಸ ಕೆಡಿಸುವವರೆಂದು ತಿಳಿಯಬೇಕಿಲ್ಲ. ಎರಡು ಲಕೋಟೆಯ ಟೆಂಡರಿನಲ್ಲಿ ಅನುಭವದ ದಾಖಲೆ ಸರಿಯಿಲ್ಲವೆಂದು ತಾಂತ್ರಿಕ ಹಂತದಲ್ಲೇ ಹೊರಬಿದ್ದವನ ದರದ ಲಕೋಟೆಯನ್ನು ತೆರೆಯುವುದೇ ಇಲ್ಲ. ಅವನು ಎಷ್ಟು ಕಡಿಮೆಗೆ ಮಾಡಿಕೊಡಲು ಸಿದ್ಧನಿದ್ದನೆಂಬುದು ಯಾರಿಗೂ ತಿಳಿಯದು. ಸಣ್ಣಪುಟ್ಟ ಕಾಮಗಾರಿಗಳನ್ನೆಲ್ಲ ಒಂದೇ ಪ್ಯಾಕೇಜಿಗೆ ಸೇರಿಸಿ, ದೊಡ್ಡ ವಹಿವಾಟು ಉಳ್ಳವರಿಗಷ್ಟೇ ಹೊಂದುವ ಷರತ್ತು ಹಾಕಿದರೆ ಊರಿನ ಗುತ್ತಿಗೆದಾರ ಅರ್ಜಿ ಹಾಕುವ ಮೊದಲೇ ಸೋತಿರುತ್ತಾನೆ.

ಈ ವ್ಯಾಜ್ಯಗಳ ಮೂಲ ತೀರ್ಪು ರಸ್ತೆಯದಲ್ಲ, ಮುಂಬಯಿ ವಿಮಾನ ನಿಲ್ದಾಣದ ಉಪಾಹಾರಗೃಹದ್ದು. 1977ರಲ್ಲಿ ಅಲ್ಲಿನ ಟೆಂಡರು ಐದು ವರ್ಷದ ಅನುಭವವುಳ್ಳ ನೋಂದಾಯಿತ ಹೋಟೆಲಿಗರನ್ನು ಕೇಳಿತ್ತು. ಸಿಕ್ಕಿದ್ದು ಕ್ಯಾಂಟೀನು ನಡೆಸಿದ್ದವರಿಗೆ. ರಮಣ ದಯಾರಾಮ ಶೆಟ್ಟಿ ಎಂಬುವರು ಪ್ರಶ್ನಿಸಿದರು. ತಾನೇ ಹಾಕಿದ ಷರತ್ತನ್ನು ಸರಕಾರಿ ಸಂಸ್ಥೆ ತನಗೆ ಬೇಕಾದಂತೆ ಸಡಿಲಿಸುವಂತಿಲ್ಲ ಎಂದು 1979ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿತು. ಆದರೂ ಗುತ್ತಿಗೆ ರದ್ದಾಗಲಿಲ್ಲ! ಅರ್ಜಿ ಬಂದದ್ದು ಐದು ತಿಂಗಳು ತಡವಾಗಿ. ಅಷ್ಟರಲ್ಲಿ ಗುತ್ತಿಗೆ ಹಿಡಿದವರು ಲಕ್ಷ ಮೀರಿ ಖರ್ಚು ಮಾಡಿದ್ದರು. ಇಂದಿಗೂ ದೇಶದ ವಕೀಲರು ಉಲ್ಲೇಖಿಸುವ ತೀರ್ಪಿನಲ್ಲಿ ಅರ್ಜಿದಾರನಿಗೆ ದಕ್ಕಿದ್ದು ಏನೂ ಇಲ್ಲ.

ನಮ್ಮ ರಾಜ್ಯದಲ್ಲಿ 1999ರ ಪಾರದರ್ಶಕತೆ ಕಾಯಿದೆ (ಗುತ್ತಿಗೆದಾರರ ಬಾಯಲ್ಲಿ ‘ಕೆಟಿಪಿಪಿ’) 2000ದ ಅಕ್ಟೋಬರಿನಿಂದ ಜಾರಿಗೆ ಬಂತು. ಟೆಂಡರು ಒಪ್ಪಿದ ಆದೇಶದಿಂದ ನೊಂದ ಟೆಂಡರುದಾರ 30 ದಿನದೊಳಗೆ ಮೇಲ್ಮನವಿ ಸಲ್ಲಿಸಬಹುದೆಂದು ಅದರ 16ನೆಯ ಕಲಮು ಹೇಳುತ್ತದೆ. ಅದಾದ ಮೇಲಿನ ದಾರಿ ಹೈಕೋರ್ಟಿನ ರಿಟ್ ಅರ್ಜಿ. 2008ರ ಜುಲೈವರೆಗೆ ಇದಕ್ಕೆ ಕುಂದಗೋಳದವನೂ ರಾತ್ರಿ ರೈಲು ಹತ್ತಿ ಬೆಂಗಳೂರಿಗೆ ಹೋಗಬೇಕಿತ್ತು. ಆ ತಿಂಗಳು ಧಾರವಾಡದಲ್ಲಿ ಸಂಚಾರಿ ಪೀಠ ಆರಂಭವಾಯಿತು. 2013ರ ಆಗಸ್ಟಿನಲ್ಲಿ ಅದು ಕಾಯಂ ಆಯಿತು. ಈಗ ಮುಂಜಾನೆ ಹೋದರೆ ಸಂಜೆ ಮನೆ ಸೇರಬಹುದು.

ಕೋರ್ಟು ಹತ್ತಿರವಾದಂತೆ ಪರಿಹಾರ ದೂರ ಸರಿದಿದೆ ಎಂದೂ ಹೇಳಬೇಕು. ದರ ಸರಿಯೋ ತಪ್ಪೋ ಎಂಬುದನ್ನಲ್ಲ, ನಿರ್ಧರಿಸಿದ ರೀತಿ ನ್ಯಾಯವೋ ಎಂಬುದನ್ನಷ್ಟೇ ನೋಡುತ್ತೇವೆಂದು ಸುಪ್ರೀಂ ಕೋರ್ಟ್ 1994ರ ಟಾಟಾ ಸೆಲ್ಯುಲರ್ ಪ್ರಕರಣದಲ್ಲಿ ಗೆರೆ ಎಳೆಯಿತು. 2018ರಲ್ಲಿ ನಿರ್ದಿಷ್ಟ ಪರಿಹಾರ ಕಾಯಿದೆಗೆ ತಿದ್ದುಪಡಿಯಾಗಿ, ಮೂಲಸೌಕರ್ಯ ಯೋಜನೆಗಳಿಗೆ ತಡೆ ಒಡ್ಡುವುದಕ್ಕೆ ಮಿತಿ ಬಂತು. ಝಾರ್ಖಂಡದ ರಸ್ತೆಯೊಂದರ ಮೊಕದ್ದಮೆಯಲ್ಲಿ 2022ರ ಮಾರ್ಚಿನಲ್ಲಿ ಅದೇ ಕೋರ್ಟು ಇನ್ನೂ ಮುಂದೆ ಹೋಗಿ, ತಪ್ಪು ಕಂಡರೂ ಕೆಲಸ ನಿಲ್ಲಿಸುವ ಬದಲು ಅರ್ಜಿದಾರನಿಗೆ ನಷ್ಟಪರಿಹಾರದ ದಾರಿ ತೋರಿಸುವುದು ಲೇಸೆಂದಿತು.

ಎರಿ ಭೂಮಿಯ ಬೇಸಿಗೆಯನ್ನು ನೆನೆದರೆ ಈ ಮಾತನ್ನು ತಳ್ಳಿಹಾಕಲಾಗದು. ಆದರೆ ಸಣ್ಣ ಗುತ್ತಿಗೆದಾರ ಸಿವಿಲ್ ದಾವೆ ಹೂಡಿ ವರ್ಷಗಟ್ಟಲೆ ಕಾಯುವುದು ನಷ್ಟದ ಮೇಲೊಂದು ನಷ್ಟವೇ. ಅರ್ಹತೆ ಇಲ್ಲದವನು ಹಾಕಿದ ರಸ್ತೆ ಮೊದಲ ಮಳೆಗೆ ಕಿತ್ತುಹೋದರೆ ಆ ನಷ್ಟಪರಿಹಾರದಲ್ಲಿ ಊರಿಗೆ ಪಾಲಿಲ್ಲ.

ಊರಿನವರು ಟೆಂಡರುದಾರರಲ್ಲವಾದ್ದರಿಂದ 16ನೆಯ ಕಲಮು ಅವರಿಗೆ ಒದಗುವುದಿಲ್ಲ. ಟೆಂಡರಿನ ಷರತ್ತು, ದರಗಳ ತುಲನಾ ಪಟ್ಟಿ, ಕಾರ್ಯಾದೇಶಗಳ ಪ್ರತಿಯನ್ನು 2005ರ ಮಾಹಿತಿ ಹಕ್ಕು ಕಾಯಿದೆಯಡಿ ಅವರು ಕೇಳಬಹುದು. ಅದಕ್ಕೆ ಉತ್ತರ ಕೊಡಲು ಕಚೇರಿಗೂ 30 ದಿನದ ಅವಕಾಶವಿದೆ. ಆ ಹೊತ್ತಿಗೆ ಖಡಿ ಬಂದು ಬಿದ್ದಿರುತ್ತದೆ.