ಹೋಟೆಲಿನ ರುಚಿ ಮನೆಯಲ್ಲೇಕೆ ಬಾರದು?

ಹೋಟೆಲಿನಲ್ಲಿ ತಿಂದು ಮೆಚ್ಚಿದ ತಿನಿಸನ್ನು ಮನೆಯಲ್ಲಿ ಮಾಡಲು ಹೊರಟವರಿಗೆ ಬಹುಮಟ್ಟಿಗೆ ನಿರಾಶೆಯೇ ಕಾದಿರುತ್ತದೆ. ಸಾಮಾನು ಅದೇ, ಅಳತೆ ಅದೇ. ಆದರೂ ಆ ಬಣ್ಣವಿಲ್ಲ, ಆ ಘಮವಿಲ್ಲ. ‘ಅವರು ಏನೋ ಗುಟ್ಟಿನ ಪುಡಿ ಹಾಕುತ್ತಾರೆ’ ಎಂದು ಸಮಾಧಾನ ಮಾಡಿಕೊಳ್ಳುತ್ತೇವೆ. ನಮ್ಮಲ್ಲಿ ದೋಸೆಯ ವಿಷಯದಲ್ಲಿ ಕೇಳಿಬರುವ ಈ ಮಾತು ಅಮೆರಿಕದ ಮನೆಗಳಲ್ಲಿ ಸ್ಟೀಕ್‌ಹೌಸಿನ ಒಂದು ತಿನಿಸಿನ ವಿಷಯದಲ್ಲೂ ಕೇಳಿಬರುತ್ತದೆ. ಕೊಚ್ಚಿದ ದನದ ಮಾಂಸವನ್ನು ವಡೆಯಂತೆ ತಟ್ಟಿ, ಕಾದ ಕಬ್ಬಿಣದ ಮೇಲೆ ಕಂದುಬಣ್ಣ ಬರುವವರೆಗೆ ಬೇಯಿಸಿ, ಮೇಲೆ ಈರುಳ್ಳಿಯ ಗಟ್ಟಿ ಗ್ರೇವಿ ಸುರಿದು ಕೊಡುವ ತಿನಿಸು ಅದು. ಕೆಲವೆಡೆ ‘ಚಾಪ್ಡ್ ಸ್ಟೀಕ್’, ಕೆಲವೆಡೆ ‘ಸಾಲಿಸ್‌ಬರಿ ಸ್ಟೀಕ್’ ಎಂದು ಅದಕ್ಕೆ ಹೆಸರು. ಇದೇ ತಿನಿಸು ಮನೆಯ ಬಾಣಲೆಯಲ್ಲಿ ಬೂದುಬಣ್ಣಕ್ಕೆ ತಿರುಗಿ, ತನ್ನದೇ ನೀರಿನಲ್ಲಿ ಕುದಿದು, ಸಪ್ಪೆಯಾಗುತ್ತದೆ.

ಗುಟ್ಟಿರುವುದು ಪುಡಿಯಲ್ಲಲ್ಲ, ನೀರಿನಲ್ಲಿ. ಬಾಣಲೆಯೊಳಗಿನ ನೀರನ್ನು ಬೇಗ ಹೊರಗೋಡಿಸಿದರೆ ರುಚಿ ಹುಟ್ಟುತ್ತದೆ, ಇಲ್ಲವಾದರೆ ಇಲ್ಲ. ಇದು ಪ್ರೌಢಶಾಲೆಯ ವಿಜ್ಞಾನದಿಂದಲೇ ತಿಳಿಯುವ ಸಂಗತಿ. ಮಾಂಸ ತಿನ್ನದ ಓದುಗರೂ ಮುಂದೆ ಓದಬಹುದು. ಅವರ ಮನೆಯ ಕಾವಲಿಯ ಮೇಲೆ ನಡೆಯುವುದೂ ಇದೇ.

ವೈದ್ಯನ ಪಥ್ಯ ಹೋಟೆಲಿಗೆ ಬಂದದ್ದು

ಈ ತಿನಿಸಿನ ಹೆಸರಿನ ಹಿಂದೆ ಒಬ್ಬ ವೈದ್ಯನಿದ್ದಾನೆ. ಜೇಮ್ಸ್ ಹೆನ್ರಿ ಸಾಲಿಸ್‌ಬರಿ (1823-1905) ಅಮೆರಿಕದವನು. ಅಲ್ಲಿನ ಅಂತರ್ಯುದ್ಧದ (1861-65) ಕಾಲದಲ್ಲಿ ಸೈನಿಕರನ್ನು ಕಾಡುತ್ತಿದ್ದ ಭೇದಿಯನ್ನು ಕಂಡ ಆತ, ಕಾಯಿಲೆಗಳಿಗೆ ಆಹಾರವೇ ಮೂಲವೆಂದು ನಂಬಿದ. ಪಿಷ್ಟ ಮತ್ತು ತರಕಾರಿಗಳು ಹೊಟ್ಟೆಯಲ್ಲಿ ಹುಳಿತು ವಿಷವಾಗುತ್ತವೆ ಎಂಬುದು ಆತನ ವಾದ. ಕೊಬ್ಬಿಲ್ಲದ ದನದ ಮಾಂಸವನ್ನು ಕೊಚ್ಚಿ, ಬಿಲ್ಲೆ ಮಾಡಿ ಸುಟ್ಟು, ದಿನಕ್ಕೆ ಮೂರು ಹೊತ್ತೂ ತಿನ್ನಬೇಕು, ಜೊತೆಗೆ ಬಿಸಿನೀರು ಕುಡಿಯಬೇಕು ಎಂದು ಆತ ಬೋಧಿಸಿದ. 1888ರಲ್ಲಿ ಈ ಬಗ್ಗೆ ದೊಡ್ಡದೊಂದು ಪುಸ್ತಕವನ್ನೇ ಬರೆದ. ತರಕಾರಿ, ಧಾನ್ಯಗಳಲ್ಲಿರುವ ನಾರು ನಮಗೆ ಬೇಕೇ ಬೇಕೆಂದು ಇಂದಿನ ವೈದ್ಯಶಾಸ್ತ್ರ ಹೇಳುತ್ತದೆ. ಆತನ ಸಿದ್ಧಾಂತ ಬಿದ್ದುಹೋಯಿತು, ತಿನಿಸು ಉಳಿಯಿತು. ಮುಂದಿನ ಅಡುಗೆಯವರು ಅದಕ್ಕೆ ಬ್ರೆಡ್ಡಿನ ಪುಡಿ, ಮೊಟ್ಟೆ, ಈರುಳ್ಳಿ, ಗ್ರೇವಿ ಎಲ್ಲವನ್ನೂ ಸೇರಿಸಿ ರೋಗಿಯ ಪಥ್ಯವನ್ನು ಹಬ್ಬದೂಟ ಮಾಡಿದರು.

ಕಂದುಬಣ್ಣದ ರಸಾಯನ

1912ರಲ್ಲಿ ಫ್ರಾನ್ಸಿನ ಲೂಯಿ ಕಮೀಲ್ ಮೈಯಾರ್ ಎಂಬ ವಿಜ್ಞಾನಿ ಸಕ್ಕರೆ ಮತ್ತು ಅಮೈನೋ ಆಮ್ಲಗಳನ್ನು ಒಟ್ಟಿಗೆ ಕಾಯಿಸಿದಾಗ ದ್ರಾವಣ ಕಂದಾಗುವುದನ್ನು ವರದಿ ಮಾಡಿದ. ಆತ ಹುಡುಕುತ್ತಿದ್ದುದು ರುಚಿಯನ್ನಲ್ಲ. ಜೀವಿಗಳಲ್ಲಿ ಪ್ರೋಟೀನು ಹೇಗೆ ರೂಪುಗೊಳ್ಳುತ್ತದೆ ಎಂಬುದನ್ನು. 1953ರಲ್ಲಿ ಅಮೆರಿಕದ ಕೃಷಿ ಇಲಾಖೆಯ ಪಿಯೋರಿಯಾ ಪ್ರಯೋಗಾಲಯದ ಜಾನ್ ಹಾಡ್ಜ್ ಈ ಕ್ರಿಯೆಯ ಹಂತಗಳನ್ನು ಒಂದು ನಕ್ಷೆಯಲ್ಲಿ ಜೋಡಿಸಿಕೊಟ್ಟ. ಮಾಂಸದ ಮೇಲ್ಮೈ, ಬ್ರೆಡ್ಡಿನ ಹೊರಪದರ, ಹುರಿದ ಕಾಫಿಬೀಜ, ದೋಸೆಯ ಕೆಂಪು ಗರಿ, ಹುರಿದ ಕಡಲೆಕಾಯಿ – ಇವೆಲ್ಲದರ ಬಣ್ಣ ಮತ್ತು ಘಮದಲ್ಲಿ ‘ಮೈಯಾರ್ ಕ್ರಿಯೆ’ಗೆ ದೊಡ್ಡ ಪಾಲಿದೆ. ಒಂದೇ ಕ್ರಿಯೆಯಲ್ಲಿ ನೂರಾರು ಬಗೆಯ ಹೊಸ ಸಂಯುಕ್ತಗಳು ಹುಟ್ಟುತ್ತವೆ. ಯಾವ ಅಂಗಡಿಯ ಪುಡಿಯೂ ಅದನ್ನು ಪೂರ್ತಿಯಾಗಿ ತುಂಬಿಕೊಡಲಾರದು.

ಮಧುಮೇಹಿಗಳು ಮಾಡಿಸುವ ‘ಎಚ್‌ಬಿಎ1ಸಿ’ ರಕ್ತಪರೀಕ್ಷೆ ಅನೇಕ ತಂದೆತಾಯಂದಿರಿಗೆ ಗೊತ್ತು. ರಕ್ತದ ಗ್ಲೂಕೋಸು ಹೀಮೋಗ್ಲೋಬಿನ್ ಪ್ರೋಟೀನಿಗೆ ಎಷ್ಟು ಅಂಟಿಕೊಂಡಿದೆ ಎಂಬುದನ್ನು ಅದು ಅಳೆಯುತ್ತದೆ. ಅದೂ ಇದೇ ಕ್ರಿಯೆಯ ಮೊದಲ ಹಂತ. ದೇಹದ 37 ಡಿಗ್ರಿ ಶಾಖದಲ್ಲಿ ವಾರಗಟ್ಟಲೆ ನಿಧಾನವಾಗಿ ಸಾಗುವುದು ಕಾದ ಬಾಣಲೆಯಲ್ಲಿ ನಿಮಿಷಗಳಲ್ಲಿ ಮುಂದಿನ ಹಂತಗಳಿಗೂ ಹೋಗಿಬಿಡುತ್ತದೆ. ಆದರೆ ಹಾಗೆ ಚುರುಕಾಗಲು ಸುಮಾರು 140 ಡಿಗ್ರಿ ಸೆಲ್ಸಿಯಸ್ ಶಾಖ ಬೇಕು. ತೊಡಕು ಇರುವುದು ಇಲ್ಲೇ.

ನೂರು ಡಿಗ್ರಿಯ ಗೋಡೆ

ನೀರು 100 ಡಿಗ್ರಿಯಲ್ಲಿ ಕುದಿಯುತ್ತದೆ. ಅದು ಪೂರ್ತಿ ಆವಿಯಾಗುವ ತನಕ, ಒಲೆ ಎಷ್ಟೇ ಉರಿಯಲಿ, ನೀರಿನ ಶಾಖ ಅದಕ್ಕಿಂತ ಮೇಲೇರದು. 20 ಡಿಗ್ರಿಯಲ್ಲಿರುವ ಒಂದು ಗ್ರಾಂ ನೀರನ್ನು ಕುದಿಯುವ ಬಿಂದುವಿಗೆ ತರಲು 80 ಕ್ಯಾಲೊರಿ ಸಾಕು; ಅದೇ ಒಂದು ಗ್ರಾಮನ್ನು ಆವಿ ಮಾಡಲು ಮತ್ತೆ 540 ಕ್ಯಾಲೊರಿ ಬೇಕು. ಇದೇ ಪಠ್ಯಪುಸ್ತಕದ ಗುಪ್ತೋಷ್ಣ.

ಕೊಬ್ಬಿಲ್ಲದ ಹಸಿಮಾಂಸದ ತೂಕದಲ್ಲಿ ಸುಮಾರು ಮುಕ್ಕಾಲು ಪಾಲು ನೀರು. ಅರ್ಧ ಕಿಲೋ ಕೊಚ್ಚಿದ ಮಾಂಸವನ್ನು ಒಮ್ಮೆಗೇ ಬಾಣಲೆಗೆ ತುಂಬಿದಾಗ 50 ಗ್ರಾಂ ನೀರು ಹೊರಬಂತೆನ್ನಿ. ಅದನ್ನು ಆವಿ ಮಾಡಲಷ್ಟೇ 27,000 ಕ್ಯಾಲೊರಿ ಬೇಕು. ಮನೆಯ ಒಲೆ ಅಷ್ಟನ್ನು ಒದಗಿಸುವ ಹೊತ್ತಿಗೆ ಇನ್ನಷ್ಟು ನೀರು ಬಸಿದಿರುತ್ತದೆ. ಮಾಂಸ 100 ಡಿಗ್ರಿಯಲ್ಲಿ ಬೇಯುತ್ತಲೇ ಇರುತ್ತದೆ, ಕಂದಾಗುವುದಿಲ್ಲ. ಹೋಟೆಲಿನ ಒಲೆಯ ಉರಿ ದೊಡ್ಡದು, ಕಬ್ಬಿಣ ದಪ್ಪ, ಜಾಗ ವಿಶಾಲ. ಅಲ್ಲಿ ನೀರು ಬಂದ ಕೂಡಲೇ ಆವಿಯಾಗಿ ಹೋಗುತ್ತದೆ. ಗುಟ್ಟು ಇಷ್ಟೇ.

ಲೀಬಿಗ್ ಹೇಳಿದ್ದು, ತಕ್ಕಡಿ ಹೇಳಿದ್ದು

ಇಲ್ಲಿ ವಿದ್ಯಾರ್ಥಿಗಳು ತಿಳಿಯಬೇಕಾದ ಇನ್ನೊಂದು ಕಥೆಯಿದೆ. ಜರ್ಮನಿಯ ಯುಸ್ಟಸ್ ಫಾನ್ ಲೀಬಿಗ್ 19ನೇ ಶತಮಾನದ ಮಹಾನ್ ರಸಾಯನ ವಿಜ್ಞಾನಿ. ಮಾಂಸವನ್ನು ಮೊದಲು ಜೋರು ಶಾಖಕ್ಕೆ ಒಡ್ಡಿದರೆ ಮೇಲೆ ಗಟ್ಟಿ ಪದರವಾಗಿ ಒಳಗಿನ ರಸ ಹೊರಬರದಂತೆ ತಡೆಯುತ್ತದೆ ಎಂದು 1847ರ ಸುಮಾರಿಗೆ ಆತ ಹೇಳಿದ. ಹೇಳಿದವನು ದೊಡ್ಡವನು, ಅಡುಗೆ ಪುಸ್ತಕಗಳೆಲ್ಲ ಅದನ್ನೇ ಬರೆದುಕೊಂಡವು. 1930ರ ದಶಕದಲ್ಲಿ ಅಮೆರಿಕದಲ್ಲಿ ಮಾಂಸವನ್ನು ಎರಡೂ ರೀತಿಯಲ್ಲಿ ಬೇಯಿಸಿ ತೂಗಿ ನೋಡಿದಾಗ ಆ ಮಾತು ನಿಲ್ಲಲಿಲ್ಲ. ಮೊದಲು ಜೋರು ಶಾಖ ತಗುಲಿದ ಮಾಂಸವೂ ನೀರನ್ನು ಕಳೆದುಕೊಳ್ಳುತ್ತದೆ. 1984ರಲ್ಲಿ ಹೆರಾಲ್ಡ್ ಮೆಕ್‌ಗೀ ಅಡುಗೆ ವಿಜ್ಞಾನದ ಬಗ್ಗೆ ಬರೆದ ಪುಸ್ತಕದಲ್ಲಿ ಇದನ್ನು ವಿವರವಾಗಿ ಹೇಳಿದ ಮೇಲೂ ಹಳೆಯ ನಂಬಿಕೆ ಪೂರ್ತಿ ಹೋಗಿಲ್ಲ.

ಬಾಣಲೆಯ ‘ಚುರ್’ ಎಂಬ ಸದ್ದನ್ನು ಕೇಳಿದರೂ ಸಾಕಿತ್ತು. ಅದು ರಸದ ನೀರು ಹೊರಬಂದು ಆವಿಯಾಗುವ ಸದ್ದು. ಮೇಲ್ಪದರ ರಸವನ್ನು ತಡೆದಿದ್ದರೆ ಸದ್ದೇ ನಿಲ್ಲಬೇಕಿತ್ತಲ್ಲವೇ? ಜೋರು ಉರಿ ಬೇಕಾಗಿರುವುದು ರಸವನ್ನು ಕೂಡಿಹಾಕಲು ಅಲ್ಲ, ಮೈಯಾರ್ ಕ್ರಿಯೆ ನಡೆಯಲು.

ಮಾಡುವ ಬಗೆ

ಈಗ ಆ ತಿನಿಸು. ನಾಲ್ವರಿಗೆ ಅರ್ಧ ಕಿಲೋ ಕೊಚ್ಚಿದ ಮಾಂಸ, ಒಂದು ಮೊಟ್ಟೆ, ನಾಲ್ಕು ಚಮಚ ಒಣ ಬ್ರೆಡ್ಡಿನ ಪುಡಿ, ಸ್ವಲ್ಪ ಮೆಣಸಿನ ಪುಡಿ. ಇವನ್ನು ಹಗುರವಾಗಿ ಕಲಸಿ ಎರಡು ಸೆಂಟಿಮೀಟರ್ ದಪ್ಪದ ನಾಲ್ಕು ಬಿಲ್ಲೆ ತಟ್ಟಬೇಕು. ಜೋರಾಗಿ ನಾದಬಾರದು. ಉಪ್ಪನ್ನು ಒಳಗೆ ಬೆರೆಸದೆ ಬಾಣಲೆಗೆ ಹಾಕುವ ಮುನ್ನ ಮೇಲೆ ಉದುರಿಸಬೇಕು. ಉಪ್ಪು ಬೆರೆಸಿ ನಾದಿದರೆ ಮಾಂಸದ ಪ್ರೋಟೀನು ಕರಗಿ ಅಂಟಾಗಿ, ಬೆಂದ ಮೇಲೆ ರಬ್ಬರಿನಂತಾಗುತ್ತದೆ.

ದಪ್ಪ ಕಬ್ಬಿಣದ ಬಾಣಲೆಯನ್ನು ಒಣಗಿದ್ದಾಗಲೇ ಚೆನ್ನಾಗಿ ಕಾಯಿಸಿ. ಕಾದಿದೆಯೇ ಎಂದು ನೋಡಲು ದೋಸೆಯ ಕಾವಲಿಗೆ ಮಾಡುವಂತೆ ಒಂದು ಹನಿ ನೀರು ಹಾಕಿ, ಅದು ಆರಿದ ಮೇಲೆಯೇ ಎಣ್ಣೆ ಹಾಕಿ. ಎಣ್ಣೆ ಹಾಕಿದ ಮೇಲೆ ನೀರು ಚಿಮುಕಿಸಬಾರದು. ಬಿಲ್ಲೆಯ ಮೇಲಿನ ತೇವವನ್ನು ಒರೆಸಿ ಒಂದು ಸಲಕ್ಕೆ ಎರಡನ್ನೇ ಇಡಿ. ಮೂರು ನಿಮಿಷ ಅಲುಗಾಡಿಸಬೇಡಿ. ತಳ ಕಂದಾದ ಮೇಲೆ ತಿರುವಿ, ಇನ್ನೊಂದು ಬದಿಯೂ ಕಂದಾದ ಮೇಲೆ ಹೊರಗೆ ತೆಗೆದಿಡಿ. ಒಳಗೆ ಇನ್ನೂ ಬೆಂದಿರುವುದಿಲ್ಲ. ಅದು ಗ್ರೇವಿಯಲ್ಲಿ ಬೇಯಲಿದೆ.

ಬಾಣಲೆಯ ತಳದಲ್ಲಿ ಕಂದು ಪದರವೊಂದು ಅಂಟಿಕೊಂಡಿರುತ್ತದೆ. ‘ತಳ ಹಿಡಿಯಿತು’ ಎಂದು ಅದನ್ನು ತೊಳೆದು ಚೆಲ್ಲುವವರು ಅರ್ಧ ರುಚಿಯನ್ನು ಬಚ್ಚಲಿಗೆ ಚೆಲ್ಲಿದಂತೆ. ಅದು ಕಪ್ಪಾಗಿ ಸೀದಿದ್ದರೆ ಮಾತ್ರ ಕಹಿ, ಬಿಡಬೇಕು. ಅದೇ ಬಾಣಲೆಗೆ ತೆಳ್ಳಗೆ ಹೆಚ್ಚಿದ ಎರಡು ಈರುಳ್ಳಿ ಹಾಕಿ ಮಧ್ಯಮ ಉರಿಯಲ್ಲಿ ಹದಿನೈದು ನಿಮಿಷ ಬಾಡಿಸಿ. ಎರಡು ಚಮಚ ಬೆಣ್ಣೆ, ಎರಡು ಚಮಚ ಮೈದಾ ಸೇರಿಸಿ ಹಸಿವಾಸನೆ ಹೋಗುವಂತೆ ಹುರಿದು, ಒಂದೂವರೆ ಕಪ್ ಮೂಳೆಯ ಸಾರನ್ನು ಸ್ವಲ್ಪಸ್ವಲ್ಪವಾಗಿ ಸುರಿಯುತ್ತ ತಳವನ್ನು ಮರದ ಸೌಟಿನಿಂದ ಕೆರೆಯಿರಿ. ಕಂದು ಪದರವೆಲ್ಲ ಕರಗಿ ಗ್ರೇವಿಯಾಗುತ್ತದೆ.

ಗಂಟಾಗದಿರಲು ಕಾರಣವೂ ಸರಳ. ಬಿಸಿನೀರಿಗೆ ಒಣಹಿಟ್ಟು ಬಿದ್ದರೆ ಹೊರಗಿನ ಪಿಷ್ಟ ತಕ್ಷಣ ಉಬ್ಬಿ ಅಂಟಾಗಿ, ಒಳಗಿನ ಹಿಟ್ಟಿಗೆ ನೀರು ತಲುಪದಂತೆ ಮಾಡುತ್ತದೆ. ರಾಗಿ ಗಂಜಿಗೆ ನಮ್ಮ ಹೆಂಗಸರು ಹಿಟ್ಟನ್ನು ತಣ್ಣೀರಿನಲ್ಲಿ ಕದಡಿಕೊಳ್ಳುವುದು ಇದಕ್ಕೇ. ಪಾಶ್ಚಾತ್ಯರು ಹಿಟ್ಟಿನ ಕಣಗಳಿಗೆ ಬೆಣ್ಣೆಯ ಲೇಪ ಕೊಟ್ಟು ಅದೇ ಕೆಲಸ ಸಾಧಿಸುತ್ತಾರೆ. ಇನ್ನು ಮೂಳೆಸಾರು: ಗಂಟೆಗಟ್ಟಲೆ ಸಣ್ಣ ಉರಿಯಲ್ಲಿ ಬೆಂದ ಮೂಳೆ, ಸ್ನಾಯುಗಳ ಕೊಲಾಜೆನ್ ಜೆಲಟಿನ್ ಆಗಿ ಕರಗುತ್ತದೆ. ತಣ್ಣಗಾದ ಕಾಲು ಸೂಪು ಹೆಪ್ಪುಗಟ್ಟುವುದನ್ನು ನೋಡಿದವರಿಗೆ ಇದು ಗೊತ್ತು. ಹೋಟೆಲಿನ ಗ್ರೇವಿ ನಾಲಿಗೆಗೆ ನುಣ್ಣಗೆ ಹತ್ತುವುದು ಅದರಿಂದ. ಬರಿ ನೀರಿನಿಂದ ಅದು ಬಾರದು.

ಕೊನೆಗೆ ಬಿಲ್ಲೆಗಳನ್ನು ಗ್ರೇವಿಗೆ ಇಳಿಸಿ, ಮುಚ್ಚಿ, ಸಣ್ಣ ಉರಿಯಲ್ಲಿ ಎಂಟು ಹತ್ತು ನಿಮಿಷ ಬೇಯಿಸಬೇಕು.

ಬಣ್ಣ ನಂಬಬೇಡಿ

ಈ ಕೊನೆಯ ಹಂತದಲ್ಲಿ ಅವಸರ ಸಲ್ಲದು. ಇಡೀ ತುಂಡಿನ ಮಾಂಸದಲ್ಲಿ ರೋಗಾಣುಗಳಿದ್ದರೆ ಸಾಮಾನ್ಯವಾಗಿ ಮೇಲ್ಮೈಯಲ್ಲಿರುತ್ತವೆ, ಕಾದ ಬಾಣಲೆ ತಗುಲಿದಾಗ ಸಾಯುತ್ತವೆ. ಕೊಚ್ಚಿದಾಗ ಮೇಲಿನದು ಒಳಗೆ ಹೋಗುತ್ತದೆ. 1993ರಲ್ಲಿ ಅಮೆರಿಕದ ಪಶ್ಚಿಮದ ರಾಜ್ಯಗಳಲ್ಲಿ ಸರಿಯಾಗಿ ಬೇಯದ ಹ್ಯಾಂಬರ್ಗರ್ ತಿಂದು 700ಕ್ಕೂ ಹೆಚ್ಚು ಮಂದಿ ಕಾಯಿಲೆ ಬಿದ್ದರು. ನಾಲ್ಕು ಮಕ್ಕಳು ಸತ್ತರು. ಕಾರಣ ಇ. ಕೋಲಿ ಬ್ಯಾಕ್ಟೀರಿಯದ ಒಂದು ಅಪಾಯಕಾರಿ ತಳಿ. ಕೊಚ್ಚಿದ ದನದ ಮಾಂಸದ ಒಳಭಾಗ 71 ಡಿಗ್ರಿ ಸೆಲ್ಸಿಯಸ್ ಮುಟ್ಟಬೇಕೆಂದು ಅಲ್ಲಿನ ಕೃಷಿ ಇಲಾಖೆ ಹೇಳುತ್ತದೆ. ಆ ಶಾಖ ತಲುಪುವ ಮೊದಲೇ ಒಳಗಿನ ಕೆಂಪು ಮಾಯವಾಗುವುದುಂಟು. ಆದ್ದರಿಂದ ಬಣ್ಣವನ್ನಲ್ಲ, ಅಡುಗೆಯ ಉಷ್ಣಮಾಪಕವನ್ನು ನಂಬಬೇಕು. ಹೊರದೇಶಕ್ಕೆ ಓದಲು ಹೋಗಿ ಕೈಯಡುಗೆ ಮಾಡಿಕೊಳ್ಳುವ ಮಕ್ಕಳಿಗೆ ತಂದೆತಾಯಂದಿರು ಹೇಳಿ ಕಳುಹಿಸಬೇಕಾದ ಮಾತು ಇದು.

ಅಣಬೆಯಲ್ಲೇ ನೋಡಿ

ಮಾಂಸ ಬೇಡವೆನ್ನುವ ವಿದ್ಯಾರ್ಥಿಗಳು ಅಣಬೆಯಲ್ಲಿ ಇದೇ ಪ್ರಯೋಗ ಮಾಡಬಹುದು. ಅದರಲ್ಲಿ ನೂರಕ್ಕೆ ತೊಂಬತ್ತು ಭಾಗಕ್ಕೂ ಮೀರಿ ನೀರು. ಒಂದೇ ಬಾಣಲೆ, ಒಂದೇ ಉರಿ. ಮೊದಲು 50 ಗ್ರಾಂ ಹೆಚ್ಚಿದ ಅಣಬೆಯನ್ನು ಬಿಡಿಬಿಡಿಯಾಗಿ ಹರಡಿ ಹುರಿಯಿರಿ. ಬಾಣಲೆ ತೊಳೆದು ಒರೆಸಿ, ಮತ್ತೆ ಕಾಯಿಸಿ 250 ಗ್ರಾಂ ಒಮ್ಮೆಗೇ ಹಾಕಿ. ಕಂದುಬಣ್ಣ ಬರಲು ಪ್ರತಿ ಸಲ ಎಷ್ಟು ನಿಮಿಷ ಹಿಡಿಯಿತು? ಮೊದಲಿನ ತೂಕವೆಷ್ಟು, ಹುರಿದ ಮೇಲಿನ ತೂಕವೆಷ್ಟು? ಕಳೆದುಹೋದ ನೀರು ಆವಿಯಾಗಲು ಎಷ್ಟು ಕ್ಯಾಲೊರಿ ಬೇಕಾಯಿತೆಂದು ಲೆಕ್ಕ ಹಾಕಿ. ಒಲೆಯ ಹತ್ತಿರ ದೊಡ್ಡವರೊಬ್ಬರು ಇರಲಿ.

ಗುಪ್ತೋಷ್ಣವೆಂದರೇನು ಎಂಬ ಎರಡು ಅಂಕದ ಪ್ರಶ್ನೆಗೆ ಉತ್ತರ ಬಾಯಿಪಾಠ ಮಾಡಿದ ಮಕ್ಕಳು ನಮ್ಮಲ್ಲಿ ಬಹಳ. ಒಮ್ಮೆ ಹೀಗೆ ತೂಗಿ ನೋಡಿದವರಿಗೆ ಬಾಯಿಪಾಠದ ಅಗತ್ಯ ಬೀಳದು. ಲೀಬಿಗ್‌ನ ಮಾತನ್ನು ಒಪ್ಪಬೇಕೋ ಬಿಡಬೇಕೋ ಎಂಬುದೂ ಆ ತಕ್ಕಡಿಯಿಂದಲೇ ಗೊತ್ತಾಗಿದ್ದು. ಹೋಟೆಲಿನ ಗುಟ್ಟನ್ನು ಹುಡುಕುವ ತಂದೆತಾಯಂದಿರೂ ಪುಡಿಯ ಪೊಟ್ಟಣ ಕೊಳ್ಳುವ ಮೊದಲು ಬಾಣಲೆಯನ್ನು ಇನ್ನಷ್ಟು ಕಾಯಿಸಿ, ಅದರಲ್ಲಿ ತುಂಬುವುದನ್ನು ಅರ್ಧಕ್ಕೆ ಇಳಿಸಿ ನೋಡಲಿ.