ದೇಶಭ್ರಷ್ಟನ ಬಿಗ್ ಬೆನ್

ಲಂಡನ್ ಫಿಲ್ಮ್ಸ್ ಸಂಸ್ಥೆಯ ಗುರುತು ಬಿಗ್ ಬೆನ್ ಗಡಿಯಾರ. 1932ರಲ್ಲಿ ಆ ಸಂಸ್ಥೆಯನ್ನು ಕಟ್ಟಿದ ಅಲೆಕ್ಸಾಂಡರ್ ಕೊರ್ಡಾ ಮಾತ್ರ ಇಂಗ್ಲೆಂಡಿನವನಲ್ಲ. 1893ರಲ್ಲಿ ಹಂಗೇರಿಯ ಹಳ್ಳಿಗಾಡಿನ ಯಹೂದಿ ಮನೆತನದಲ್ಲಿ ಹುಟ್ಟಿದ ಅವನ ಮೊದಲ ಹೆಸರು ಶಾಂದೋರ್ ಕೆಲ್ನರ್. ಅವನಿಗೆ ಚಿತ್ರಕಥೆ ಬರೆದುಕೊಡುತ್ತಿದ್ದ ಲಯೋಶ್ ಬೀರೊ ಕೂಡ ಹಂಗೇರಿಯವನೇ; ನಿರ್ದೇಶಕ ಜೋಲ್ಟನ್, ಕಲಾ ನಿರ್ದೇಶಕ ವಿನ್ಸೆಂಟ್ ಇಬ್ಬರೂ ಒಡಹುಟ್ಟಿದ ತಮ್ಮಂದಿರು. ಬ್ರಿಟಿಷ್ ಸಾಮ್ರಾಜ್ಯವನ್ನು ಬ್ರಿಟಿಷರಿಗಿಂತ ಗಟ್ಟಿ ದನಿಯಲ್ಲಿ ಹೊಗಳಿದ ಚಿತ್ರಗಳು ಈ ಪರದೇಶಿಗಳ ಗುಂಪಿನಿಂದ ಏಕೆ ಬಂದವು? ಅದನ್ನು ವ್ಯಾಪಾರ ಎಂದು ತಳ್ಳಿಹಾಕುವುದು ಸುಲಭ. ನನಗೆ ತೋರುವಂತೆ ಅದರ ಬೇರು 1919ರ ಬುಡಾಪೆಸ್ಟಿನಲ್ಲಿದೆ.

ಆಗ ಕೊರ್ಡಾ ಕೊರ್ವಿನ್ ಸ್ಟುಡಿಯೋದ ಒಡೆಯ, ವಯಸ್ಸು ಇಪ್ಪತ್ತೈದು. ಆ ಮಾರ್ಚಿನಲ್ಲಿ ಬೇಲಾ ಕುನ್‌ನ ಕಮ್ಯುನಿಸ್ಟ್ ಸರ್ಕಾರ ಬಂತು. ಚಿತ್ರೋದ್ಯಮವನ್ನು ರಷ್ಯಾದ ಲೆನಿನ್‌ಗಿಂತಲೂ ಮೊದಲೇ ರಾಷ್ಟ್ರೀಕರಣ ಮಾಡಿತು. ಒಡೆತನ ಹೋದರೂ ಕೊರ್ಡಾ ಮುನಿಸಿಕೊಂಡು ಕೂರಲಿಲ್ಲ. ಹೊಸ ಆಡಳಿತದ ಚಲನಚಿತ್ರ ಸಮಿತಿಯಲ್ಲಿ ಕೆಲಸಕ್ಕೆ ನಿಂತ. ಆ ಸರ್ಕಾರ 133 ದಿನಕ್ಕೆ ಬಿದ್ದುಹೋಯಿತು. ಮುಂದೆ ಬಂದ ಕಮ್ಯುನಿಸ್ಟ್ ವಿರೋಧಿ ಹೋರ್ತಿಯ ಬೆಂಬಲಿಗರ ಕಣ್ಣಿಗೆ ಅವನು ಯಹೂದಿ, ಮೇಲಾಗಿ ಕುನ್‌ನ ಕೆಲಸ ಮಾಡಿದವನು. ಶರತ್ಕಾಲದಲ್ಲಿ ಅವನನ್ನು ಬಂಧಿಸಿದರು. ಬಿಡುಗಡೆಯಾದ ಮೇಲೆ ವಿಯೆನ್ನಾಗೆ ಹೋದವನು ತಾಯ್ನಾಡಿಗೆ ಮತ್ತೆ ಕಾಲಿಡಲಿಲ್ಲ. ಚಿತ್ರ ಚೆನ್ನಾಗಿದೆಯೇ ಎಂದು ಎರಡೂ ಸರ್ಕಾರಗಳು ಕೇಳಿರಲಿಲ್ಲ; ಯಾರ ಕಡೆಯವನು ಎಂದಷ್ಟೇ ಕೇಳಿದ್ದವು. ಬರ್ಲಿನ್, ಹಾಲಿವುಡ್, ಪ್ಯಾರಿಸ್ ಎಂದು ಅಲೆದ ವರ್ಷಗಳಲ್ಲಿ ಮಾಡಿದ ಚಿತ್ರಗಳಲ್ಲಿ 1931ರ ‘ಮಾರಿಯುಸ್’ ಬಿಟ್ಟರೆ ನೆನಪಿಡಬೇಕಾದದ್ದು ಕಡಿಮೆ.

ಅದೇ ವರ್ಷ ಲಂಡನ್ನಿಗೆ ಬಂದ. ಬ್ರಿಟಿಷ್ ಚಿತ್ರಗಳಿಗೆ ಪಾಲು ಮೀಸಲಿಟ್ಟ 1927ರ ಕಾಯಿದೆ ಇಂಥವರಿಗೆ ದಾರಿ ತೆರೆದಿತ್ತು. 1933ರ ‘ದಿ ಪ್ರೈವೇಟ್ ಲೈಫ್ ಆಫ್ ಹೆನ್ರಿ VIII’ ಚಾರ್ಲ್ಸ್ ಲಾಟನ್‌ಗೆ ಆಸ್ಕರ್ ತಂದಿತು. ಪ್ರುಡೆನ್ಶಿಯಲ್ ವಿಮಾ ಕಂಪನಿಯ ಹಣದಿಂದ 1936ರಲ್ಲಿ ಡೆನ್ಹಮ್ ಸ್ಟುಡಿಯೋ ಎದ್ದಿತು. ಕೊರ್ಡಾ ಬ್ರಿಟಿಷ್ ಪ್ರಜೆಯಾದದ್ದೂ ಅದೇ ವರ್ಷ. ‘ಸ್ಯಾಂಡರ್ಸ್ ಆಫ್ ದಿ ರಿವರ್’ (1935) ಚಿತ್ರವು ವಸಾಹತು ಆಡಳಿತದ ಗುಣಗಾನವಾಗಿ ಹೊರಬಂದದ್ದು ಕಂಡು ಅದರಲ್ಲಿ ನಟಿಸಿದ್ದ ಪಾಲ್ ರೋಬ್ಸನ್ನೇ ಅದನ್ನು ತಳ್ಳಿಹಾಕಿದ. ‘ದಿ ಡ್ರಮ್’ (1938) ವಿರುದ್ಧ ಬೊಂಬಾಯಿಯಲ್ಲಿ ಜನ ಬೀದಿಗಿಳಿದರು. ಸಾಮ್ರಾಜ್ಯ ಆಗ ಲಾಭದ ಸರಕು, ಇದರಲ್ಲಿ ದೇಶಭ್ರಷ್ಟತೆಯ ಮಾತೇಕೆ ಎಂದು ಕೇಳಬಹುದು. ಲಾಭವಿತ್ತು, ನಿಜ. ಆದರೆ ಯುದ್ಧ ಘೋಷಣೆಯಾಗಿ ಎರಡು ತಿಂಗಳೊಳಗೆ ವಾಯುಪಡೆಯನ್ನು ಕೊಂಡಾಡುವ ‘ದಿ ಲಯನ್ ಹ್ಯಾಸ್ ವಿಂಗ್ಸ್’ ಚಿತ್ರವನ್ನು ಅವಸರದಲ್ಲಿ ತೆರೆಗೆ ತಂದದ್ದು ಬರೀ ಗಲ್ಲಾಪೆಟ್ಟಿಗೆಯ ಲೆಕ್ಕವಲ್ಲ. 1941ರ ‘ದಟ್ ಹ್ಯಾಮಿಲ್ಟನ್ ವುಮನ್’ ಚಿತ್ರದಲ್ಲಿ ನೆಪೋಲಿಯನ್ ನೆಪದಲ್ಲಿ ಹಿಟ್ಲರನನ್ನು ಬೈದದ್ದಕ್ಕೆ ಯುದ್ಧ ಬೇಡವೆಂದ ಅಮೆರಿಕದ ಸೆನೆಟರುಗಳು ಅವನ ಮೇಲೆ ಕಣ್ಣಿಟ್ಟರು. ಮರುವರ್ಷ ಬ್ರಿಟನ್ ಅವನಿಗೆ ಸರ್ ಪದವಿ ಕೊಟ್ಟಿತು. ಒಮ್ಮೆ ಯಾರ ಕಡೆಯೂ ಅಲ್ಲದವನಾಗಿ ಸಿಕ್ಕಿಬಿದ್ದವನು ಈ ಸಲ ತನ್ನ ಕಡೆ ಯಾವುದೆಂದು ಸಂಶಯಕ್ಕೆ ಎಡೆಯಿಲ್ಲದಂತೆ ಸಾರಿದ್ದ.

ಇನ್ನೊಂದು ಆಕ್ಷೇಪ ಇದಕ್ಕಿಂತ ಗಟ್ಟಿ. ಅದೇ ಮನೆಯ ಜೋಲ್ಟನ್ 1951ರಲ್ಲಿ ದಕ್ಷಿಣ ಆಫ್ರಿಕಾದ ಕರಿಯರ ಪಾಡನ್ನು ತೋರಿಸುವ ‘ಕ್ರೈ, ದಿ ಬಿಲವೆಡ್ ಕಂಟ್ರಿ’ ಮಾಡಿದ. ನೆಲೆ ತಪ್ಪಿದ್ದೇ ಕಾರಣವಾದರೆ ತಮ್ಮ ಬೇರೆ ದಾರಿ ಹಿಡಿದದ್ದು ಹೇಗೆ? ಉತ್ತರ ಒಡೆತನದಲ್ಲಿದೆ: ಬುಡಾಪೆಸ್ಟಿನಲ್ಲಿ ಸ್ಟುಡಿಯೋ ಕಳೆದುಕೊಂಡವನು ಅಣ್ಣ, ಲಂಡನ್ನಿನಲ್ಲಿ ಸಾಲ ಕೊಟ್ಟವರಿಗೂ ಸರ್ಕಾರಕ್ಕೂ ಉತ್ತರ ಕೊಡಬೇಕಾದವನೂ ಅಣ್ಣನೇ. ಮೈಸೂರು ಸೀಮೆಯಲ್ಲಿ ತೆಗೆದ ‘ಎಲಿಫೆಂಟ್ ಬಾಯ್’ (1937) ಅವನ ಹಿಡಿತಕ್ಕೆ ಸಾಕ್ಷಿ. ಅದಕ್ಕೆಂದು ಸಾಕ್ಷ್ಯಚಿತ್ರ ನಿರ್ದೇಶಕ ರಾಬರ್ಟ್ ಫ್ಲಾಹರ್ಟಿ ಇಲ್ಲಿ ತಿಂಗಳುಗಟ್ಟಲೆ ಕಾಡನ್ನೂ ಆನೆಗಳನ್ನೂ ಕಾರಾಪುರದ ಮಾವುತನ ಮಗ ಸಾಬುವನ್ನೂ ಚಿತ್ರಿಸಿದ. ಅಲೆಕ್ಸಾಂಡರನಿಗೆ ಅಷ್ಟು ಸಾಲಲಿಲ್ಲ. ಜೋಲ್ಟನ್ನಿಂದ ಡೆನ್ಹಮ್‌ನಲ್ಲಿ ಕಿಪ್ಲಿಂಗ್ ಕಥೆಯ ಭಾಗ ತೆಗೆಸಿ ಹೊಲಿಸಿದ. ವೆನಿಸ್‌ನ ನಿರ್ದೇಶನ ಪ್ರಶಸ್ತಿಯನ್ನು ಫ್ಲಾಹರ್ಟಿ, ಜೋಲ್ಟನ್ ಇಬ್ಬರೂ ಹಂಚಿಕೊಂಡರು. ಕಾಡಿನ ದೃಶ್ಯಗಳು ಇಂದಿಗೂ ಕಳೆಗಟ್ಟುತ್ತವೆ, ಡೆನ್ಹಮ್‌ನ ಹೊಲಿಗೆ ಕಾಣಿಸುತ್ತದೆ.

ಬ್ರಿಟನ್ನಿನಲ್ಲಿ ಅಣ್ಣನ ಜಾಗ ಭದ್ರವಾದ ಮೇಲೆ ಸಾಮ್ರಾಜ್ಯದ ಆ ಹೊಗಳಿಕೆ ತಗ್ಗಿತು. ಹಿಂದೆ ತನ್ನ ಚಿತ್ರಗಳನ್ನು ಪತ್ರಿಕೆಯಲ್ಲಿ ಜರೆದಿದ್ದ ಲೇಖಕ ಗ್ರಹಾಂ ಗ್ರೀನ್‌ನನ್ನೇ ಕೊರ್ಡಾ 1948ರಲ್ಲಿ ವಿಯೆನ್ನಾಗೆ ಕಳಿಸಿದ. ಹಾಗೆ ಹುಟ್ಟಿದ ‘ದಿ ಥರ್ಡ್ ಮ್ಯಾನ್’ (1949) ಚಿತ್ರದಲ್ಲಿ ನಾಲ್ಕು ಗೆದ್ದ ರಾಷ್ಟ್ರಗಳು ನಗರವನ್ನು ಹಂಚಿಕೊಂಡಿವೆ. ಆನಾ ಎಂಬ ಹೆಂಗಸಿನ ಬಳಿ ಖೋಟಾ ಪಾಸ್‌ಪೋರ್ಟ್ ಇದೆ, ಅವಳನ್ನು ಹಿಂದಕ್ಕೆ ಒಯ್ಯಲು ರಷ್ಯನ್ನರು ಕಾದಿದ್ದಾರೆ. ಅವಳ ಆ ಭಯವನ್ನೇ ಒಬ್ಬನನ್ನು ಹಿಡಿಯಲು ದಾಳವಾಗಿ ಬಳಸುವವನು ಬ್ರಿಟಿಷ್ ಅಧಿಕಾರಿ.