ಅಪ್ಪೆಮಿಡಿ ಉಪ್ಪಿನಕಾಯಿ: ಉಪ್ಪಿನ ಲೆಕ್ಕ, ಮರದ ಲೆಕ್ಕ

ಮಲೆನಾಡಿನ ಗೃಹೋದ್ಯಮಗಳಲ್ಲಿ ಅಪ್ಪೆಮಿಡಿ ಉಪ್ಪಿನಕಾಯಿಗೆ ವಿಶಿಷ್ಟ ಸ್ಥಾನವಿದೆ. ಶರಾವತಿ, ಅಘನಾಶಿನಿ, ವರದಾ ಮೊದಲಾದ ನದಿಗಳ ದಂಡೆಯಲ್ಲಿ ತಾನಾಗಿ ಬೆಳೆದ ಕಾಡುಮಾವಿನ ಮರಗಳೇ ಇದರ ಮೂಲ. ಬೇಸಿಗೆಯ ಆರಂಭದಲ್ಲಿ ಸಾಗರ, ಹೊಸನಗರ, ಸಿದ್ದಾಪುರ, ಶಿರಸಿ ಭಾಗಗಳಲ್ಲಿ ಮಿಡಿಯ ವ್ಯಾಪಾರ ಕೆಲವೇ ವಾರಗಳ ಕಾಲ ನಡೆಯುತ್ತದೆ. ಈ ಅಲ್ಪಾವಧಿಯಲ್ಲಿ ಕೊಂಡ ಮಿಡಿಯು ವರ್ಷವಿಡೀ ಕೆಡದೆ ಉಳಿಯಬೇಕಾದುದರಿಂದ ಈ ಉದ್ಯಮದ ಲಾಭನಷ್ಟಗಳು ಭರಣಿಯಲ್ಲಿಯೇ ನಿರ್ಧಾರವಾಗುತ್ತವೆ.

ಮಿಡಿಯ ಆಯ್ಕೆ

ಅಪ್ಪೆಮಿಡಿಯ ಪರಿಮಳವಿರುವುದು ಅದರ ಸೊನೆಯಲ್ಲಿ. ಜೀರಿಗೆ, ಕರ್ಪೂರ ಮುಂತಾದವುಗಳ ವಾಸನೆಯನ್ನು ಹೋಲುವ ಈ ಸೊನೆ ಸೋರಿಹೋಗದಂತೆ ತೊಟ್ಟು ಸಹಿತವಾಗಿಯೇ ಮಿಡಿಯನ್ನು ಕೊಯ್ಯಬೇಕು. ನೆಲಕ್ಕೆ ಬಿದ್ದು ಪೆಟ್ಟಾದ ಮಿಡಿಯನ್ನು ಬೇರ್ಪಡಿಸುವುದು ಅಗತ್ಯ. ಅಂತಹ ಒಂದೆರಡು ಮಿಡಿಗಳು ಸೇರಿದರೂ ಇಡೀ ಭರಣಿ ಕೆಡುವ ಸಂಭವವುಂಟು.

ಉಪ್ಪಿನ ಪ್ರಮಾಣ

ತೊಳೆದು, ನೀರಿನ ಪಸೆ ಆರಿಸಿದ ಮಿಡಿಯನ್ನು ಹರಳುಪ್ಪಿನೊಡನೆ ಪದರಪದರವಾಗಿ ಭರಣಿಯಲ್ಲಿ ತುಂಬಿ ಮೇಲೆ ಭಾರವಿಡಲಾಗುತ್ತದೆ. ಉಪ್ಪು ಮಿಡಿಯೊಳಗಿನ ನೀರನ್ನು ಹೊರಗೆಳೆಯುವುದರಿಂದ ಮಿಡಿ ಚಿರುಟಿ, ಉಪ್ಪುನೀರಿನಲ್ಲಿ ಮುಳುಗುತ್ತದೆ. ಬಳಿಕ ಆ ನೀರನ್ನು ಬಸಿದು, ಕುದಿಸಿ, ಪೂರ್ಣವಾಗಿ ತಣಿಸಿ, ಸಾಸಿವೆ ಹಾಗೂ ಒಣಮೆಣಸಿನ ಪುಡಿಯನ್ನು ಕಲಸಿ ಮಿಡಿಗೆ ಬೆರೆಸುವುದು ರೂಢಿ.

ಉಪ್ಪೇ ಮುಖ್ಯ ಸಂರಕ್ಷಕವಾಗಿರುವ ಉಪ್ಪಿನಕಾಯಿಯ ದ್ರವದಲ್ಲಿ ಉಪ್ಪಿನಂಶ ಕನಿಷ್ಠ ಶೇ. 12ರಷ್ಟಿರಬೇಕೆಂಬುದು ಆಹಾರ ಸುರಕ್ಷತೆಯ ನಿಯಮ. ಒಂದು ಕಿಲೋ ಮಿಡಿಯಲ್ಲಿ ಸುಮಾರು 800 ಗ್ರಾಂ ನೀರಿದೆಯೆಂದು ಭಾವಿಸೋಣ. 100 ಗ್ರಾಂ ಉಪ್ಪು ಹಾಕಿದರೆ ಒಟ್ಟು 900 ಗ್ರಾಂ ದ್ರಾವಣದಲ್ಲಿ ಉಪ್ಪು ಶೇ. 11 ಮಾತ್ರ, 200 ಗ್ರಾಂ ಹಾಕಿದರೆ ಶೇ. 20. ಹಿರಿಯರು ಕೈಯಳತೆಯಲ್ಲಿ ಧಾರಾಳವಾಗಿ ಉಪ್ಪು ಸುರಿಯುತ್ತಿದ್ದುದರ ಮರ್ಮ ಇದೇ. ಕಡಿಮೆ ಉಪ್ಪಿನ ಉಪ್ಪಿನಕಾಯಿಗೆ ಬೇಡಿಕೆ ಇದೆಯೆಂದು ಉಪ್ಪನ್ನು ತಗ್ಗಿಸುವವರು ವಿನಿಗರ್ ಅಥವಾ ನಿಂಬೆರಸದಂತಹ ಹುಳಿಯ ಆಸರೆ, ಇಲ್ಲವೇ ಶೀತಲ ವ್ಯವಸ್ಥೆಯನ್ನು ಒದಗಿಸಿಕೊಳ್ಳದಿದ್ದರೆ ಬೂಷ್ಟು ಹಿಡಿದ ಸರಕು ಅಂಗಡಿಯಿಂದ ಹಿಂದಿರುಗುವುದು ಖಚಿತ.

ಮಾರಾಟದ ನಿಯಮಗಳು

ನೆಂಟರಿಷ್ಟರಿಗೆ ಕೊಡುವ ಉಪ್ಪಿನಕಾಯಿಗೆ ಇಲ್ಲದ ಕಟ್ಟುಪಾಡುಗಳು ಮಾರುವ ಉಪ್ಪಿನಕಾಯಿಗೆ ಇವೆ. 2006ರ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಕಾಯಿದೆಯಂತೆ ಮನೆಯಲ್ಲಿಯೇ ತಯಾರಿಸಿ ಮಾರುವವರೂ ವಹಿವಾಟಿನ ಪ್ರಮಾಣಕ್ಕನುಗುಣವಾಗಿ ನೋಂದಣಿ ಅಥವಾ ಪರವಾನಗಿ ಪಡೆಯಬೇಕು. ಅದರ ಸಂಖ್ಯೆ, ಘಟಕಾಂಶಗಳು, ನಿವ್ವಳ ತೂಕ ಹಾಗೂ ತಯಾರಿಕೆಯ ದಿನಾಂಕ ಚೀಟಿಯಲ್ಲಿರಬೇಕು. ಅಪ್ಪೆಮಿಡಿಗೆ ಭೌಗೋಳಿಕ ಸೂಚಿಯ ಮಾನ್ಯತೆಯೂ ದೊರೆತಿದೆ. ಅದರ ರಕ್ಷಣೆ ಹಾಗೂ ಪ್ರಯೋಜನವನ್ನು ಬಯಸುವ ಬೆಳೆಗಾರರು, ತಯಾರಕರು 1999ರ ಕಾಯಿದೆಯಡಿ ಅಧಿಕೃತ ಬಳಕೆದಾರರಾಗಿ ನೋಂದಾಯಿಸಿಕೊಳ್ಳಲು ಅವಕಾಶವಿದೆ.

ಕಚ್ಚಾ ಸಾಮಗ್ರಿಯ ಭವಿಷ್ಯ

ಉಪ್ಪಿನ ಲೆಕ್ಕ ಸರಿಯಿದ್ದರೂ ಮಿಡಿಯೇ ಸಿಗದಿದ್ದರೆ ಉದ್ಯಮ ನಿಲ್ಲುತ್ತದೆ. ಎತ್ತರದ ಮರವೇರಿ ಕೊಯ್ಯುವ ಬದಲು ಕೊಂಬೆಯನ್ನೇ ಕಡಿದು ಕೆಡಹುವುದರಿಂದ ಮುಂದಿನ ವರ್ಷಗಳ ಫಸಲು ನಾಶವಾಗುತ್ತದೆ. ಎಲ್ಲ ಕಾಯಿಯನ್ನೂ ಮಿಡಿಯಲ್ಲಿಯೇ ಕೊಯ್ದರೆ ಗೊರಟೆ ಬಲಿಯುವುದಿಲ್ಲ, ಹೊಸ ಸಸಿ ಹುಟ್ಟುವುದಿಲ್ಲ. ಹುಟ್ಟಿದ ಸಸಿಯೂ ತಾಯಿಮರದ ಪರಿಮಳವನ್ನೇ ಪಡೆದೀತೆಂಬ ಭರವಸೆಯಿಲ್ಲ. ಆದುದರಿಂದ ಅನಂತಭಟ್ಟನ ಅಪ್ಪೆಯಂತಹ ಹೆಸರಾಂತ ತಳಿಗಳನ್ನು ಉಳಿಸಲು ಕಸಿಯೇ ನಂಬಲರ್ಹ ಮಾರ್ಗ.

ಕಸಿಗಿಡಗಳು ಮಲೆನಾಡಿನ ಸಸ್ಯಕ್ಷೇತ್ರಗಳಲ್ಲಿ ದೊರೆಯುತ್ತವೆ. ಗಿಡ ಗಿಡ್ಡವಾಗಿರುವುದರಿಂದ ಕೊಯ್ಲೂ ಸುಲಭ. ವರ್ಷಕ್ಕೆ ಹತ್ತಾರು ಭರಣಿ ತುಂಬುವ ಗೃಹೋದ್ಯಮಿಗಳು ಹಿತ್ತಲಿನಲ್ಲಿ ನಾಲ್ಕಾರು ಕಸಿಗಿಡಗಳನ್ನು ನೆಡುವುದು, ಕೊಂಬೆ ಕಡಿದು ತಂದ ಮಿಡಿಯನ್ನು ಕೊಳ್ಳದಿರುವುದು ತಮ್ಮ ಬಂಡವಾಳದ ರಕ್ಷಣೆಯೇ ಆಗಿದೆ.